ಸುಂಕದವನು ಹೇಳಿದ್ದು

ಮಂಡಕ್ಕಿ ಮೂಟೆ ಎಂದರೆ ಮುಕ್ಕಾಲು ಪಾಲು ಗಾಳಿ.
ಬುಡೇನ್ ಸಾಬರ ಭಟ್ಟಿಯಿಂದ ಹಾಲೇಶ ತುಂಬಿಕೊಂಡು ಹೊರಟರೆ
ಕ್ಯಾಂಟರು ಎತ್ತರದಲ್ಲಿ ಆನೆ, ತೂಕದಲ್ಲಿ ಕರು.
ಆದರೂ ಗೇಟಿನ ಕ್ಯಾಮೆರಾಕ್ಕೆ ಒಳಗೇನಿದೆ ಎಂಬ ಗೊಡವೆಯಿಲ್ಲ,
ಗಾಜಿನ ಮೇಲಿನ ಚೀಟಿ ಓದುತ್ತದೆ ಅಷ್ಟೆ.
ಕಬ್ಬಿಣ ಹೊತ್ತವನಿಗೂ ಗಾಳಿ ಹೊತ್ತವನಿಗೂ
ಒಂದೇ ದರ.

ಲೆಕ್ಕ ಬರೆಯುವವಳು ನಾನು.
ಸೊಸೈಟಿ ಕ್ಯಾಲೆಂಡರಿನ ಹಿಂಬದಿ, ಮಗಳ ಮೊಂಡು ಪೆನ್ಸಿಲು.
ತುಮಕೂರಿಗೆ ಮೂರು ಗೇಟು:
ನೂರ ಅರವತ್ತು, ನೂರ ಎಪ್ಪತ್ತೈದು, ನೂರ ಐವತ್ತು.
ಕೂಡಿದರೆ ನಾನೂರ ಎಂಬತ್ತೈದು. ಬರುವಾಗ ಮತ್ತೆ ಅಷ್ಟೇ.
ಇಪ್ಪತ್ನಾಲ್ಕು ತಾಸಿನೊಳಗೆ ತಿರುಗಿದರೆ ಮಾತ್ರ
ಬರುವ ದಾರಿಗೆ ಅರ್ಧ ಮಾಫಿ.
ತಿಂಗಳಿಗೆ ಎಂಟು ಟ್ರಿಪ್ಪು ಹಿಡಿದರೆ ಉಳಿಯುವುದು
ಎರಡು ಸಾವಿರಕ್ಕೆ ಅರವತ್ತು ಕಮ್ಮಿ.
ಅಷ್ಟರಲ್ಲಿ ಒಂದು ಸಿಲಿಂಡರು, ಮಗಳ ಟ್ಯೂಷನ್ನು.

'ಎಲ್ಲೂ ಮಲಗಬ್ಯಾಡ, ತಿರುಗಿ ಬಾ' ಅಂದೆ.
ಅಂದ ಮೇಲೆ ಏನಂದೆ ಅಂತ ಗೊತ್ತಾಯಿತು.

ಮೂರು ಟ್ರಿಪ್ಪು ಮಲಗಲಿಲ್ಲ ಅವನು.
ದುರ್ಗದಲ್ಲಿ ಅವನಕ್ಕನ ಮನೆ, ಹೆದ್ದಾರಿಯಿಂದ ಹತ್ತು ನಿಮಿಷ.
ಆಕೆ ಫೋನು ಮಾಡಿದ್ದು ನನಗೆ:
'ಗುಡ್ಡದ ಮ್ಯಾಲಿನ ಗಾಳಿಪಂಕಾನಾದ್ರೂ ಒಮ್ಮೊಮ್ಮೆ ನಿಲ್ತಾವೆ,
ನನ್ನ ತಮ್ಮ ಯಾಕೆ ನಿಲ್ಲೋದಿಲ್ಲ ಕರಿಬಸಮ್ಮಾ?'

ಆಗ ಹೊಳೆದದ್ದು ಹಳ್ಳಿ ದಾರಿ.
ಆನಗೋಡು ದಾಟಿ ಕೆಳಗಿಳಿದು, ಹೊಲಗಳೊಳಗೆ ಸುತ್ತು ಹಾಕಿ,
ಭರಮಸಾಗರದ ಹತ್ತಿರ ಮತ್ತೆ ಹೆದ್ದಾರಿ ಹತ್ತುವುದು.
ಒಂದು ಗೇಟು ತಪ್ಪಿತು, ನೂರ ಅರವತ್ತು ಉಳಿಯಿತು ಅಂದುಕೊಂಡೆ.
ಹದಿನಾಲ್ಕು ಕಿಲೋಮೀಟರು ಹೆಚ್ಚು,
ಲೀಟರಿಗೆ ಎಂಟು, ಡೀಸೆಲ್ಲು ತೊಂಬತ್ತು.
ಆಮೇಲೆ ಕಳೆದು ನೋಡಿದರೆ
ಉಳಿದದ್ದು ಎರಡೂವರೆ ರೂಪಾಯಿ.
ಅದೂ, ಹಗ್ಗ ಅಡ್ಡ ಹಿಡಿದ ಹುಡುಗರಿಗೆ
ಗಣಪನ ಪಟ್ಟಿ ಅಂತ ಇಪ್ಪತ್ತು ಕೊಡುವ ಮುಂಚೆ.
(ಆ ಗೇಟಿಗೆ ಮಾಫಿಯೂ ಇಲ್ಲ, ರಸೀದಿಯೂ ಇಲ್ಲ.)

ಆದರೆ ನಾನು ಬರೆಯದೆ ಬಿಟ್ಟದ್ದು ಬೇರೆ.
ಗಾಜಿನ ಚೀಟಿ ಜೋಡಿಸಿರುವುದು ನನ್ನ ನಂಬರಿಗೆ.
ಗೇಟು ದಾಟಿದಾಗೆಲ್ಲ ದಿಂಬಿನ ಬುಡದಲ್ಲಿ ಒಂದು ಸದ್ದು.
ನೂರ ಅರವತ್ತು ಕಡಿತ: ಆನಗೋಡು ದಾಟಿದ.
ನೂರ ಎಪ್ಪತ್ತೈದು: ಹಿರಿಯೂರು ಕಡೆ ಇದ್ದಾನೆ.
ದುಡ್ಡು ಹೋಯಿತಲ್ಲ ಅಂತ ಬೈದುಕೊಂಡು
ಮಗ್ಗುಲಾಗಿ ಮಲಗುತ್ತಿದ್ದೆ.

ಆ ರಾತ್ರಿ ಸದ್ದಿಲ್ಲ.
ಫೋನು ಹಚ್ಚಿದರೆ ವ್ಯಾಪ್ತಿಯ ಹೊರಗೆ.
ರಸ್ತೆಯ ಅರ್ಧಕ್ಕೆ ಮೆಕ್ಕೆಜೋಳ ಒಣಹಾಕಿರುತ್ತಾರೆ,
ಅಂಚಿಗೆ ಕಲ್ಲು ಜೋಡಿಸಿರುತ್ತಾರೆ,
ಕತ್ತಲಲ್ಲಿ ಕಲ್ಲಿಗೆ ಕಣ್ಣಿರುವುದಿಲ್ಲ.
ಒಂದು ಗಂಟೆ. ಎರಡು.
ಎದ್ದು ನೀರು ಕುಡಿದೆ. ಕುಡಿದದ್ದು ಮರೆತು ಮತ್ತೆ ಕುಡಿದೆ.
ಮೂರಕ್ಕೆ ಹತ್ತು ನಿಮಿಷ ಇರುವಾಗ
ನೂರ ಎಪ್ಪತ್ತೈದು ಕಡಿತ.
ನನ್ನ ಖಾತೆಯಿಂದ ದುಡ್ಡು ಹೋದದ್ದಕ್ಕೆ
ನಾನು ಅತ್ತದ್ದು ಅದೊಂದೇ ಸಲ, ಅದೂ ಖುಷಿಗೆ.

ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡರೇನು
ಅಂತಿದ್ದಳು ನಮ್ಮಜ್ಜಿ.
ಈಗ ಸುಂಕದವನೇ, ಮುಖವಿಲ್ಲದವನು,
ನಡುರಾತ್ರಿ ಎಬ್ಬಿಸಿ ನನಗೆ
ಅವನ ಸುಖದುಃಖ ಹೇಳುತ್ತಾನೆ.

ಬೆಳಿಗ್ಗೆ ಭಟ್ಟಿಗೆ ಹೋದೆ.
ಬಿಸಿ ಮರಳು, ಹೊಗೆ, ಜರಡಿಯ ಮೇಲೆ ಬೆಳ್ಳಗೆ ಅರಳುವ ಸದ್ದು.
'ಇನ್ನು ಮುಂದೆ ದಾರಿಯಲ್ಲಿ ಮಲಗಿ ಬರ್ತಾನೆ ನನ್ನ ಗಂಡ.
ಅರ್ಧ ಮಾಫಿ ಹೋಗುತ್ತೆ, ಇನ್ನೂರ ನಲವತ್ತೆರಡೂವರೆ.
ನೂರಿಪ್ಪತ್ತು ಮೂಟೆ ಇದಾವೆ, ಮೂಟೆಗೆ ಎರಡು ರೂಪಾಯಿ ಏರಿಸಿ,
ಮಿಕ್ಕ ಎರಡೂವರೆ ನನ್ನ ಕಡೆಯಿಂದ.'
'ಗಾಳಿಗೆ ಬಾಡಿಗೆ ಕೇಳ್ತೀಯಲ್ಲಮ್ಮಾ' ಅಂದರು ಬುಡೇನ್ ಸಾಬರು,
ಗಡ್ಡದಿಂದ ಒಂದು ಮಂಡಕ್ಕಿ ಹೆಕ್ಕಿ ಬಾಯಿಗೆ ಹಾಕಿಕೊಂಡು.
ಒಂದೂವರೆಗೆ ಒಪ್ಪಿದರು.

ಮನೆಗೆ ಬಂದು ಕ್ಯಾಲೆಂಡರು ತಿರುಗಿಸಿದೆ.
ಅರವತ್ತೆರಡೂವರೆ ಕಮ್ಮಿ ಬಿತ್ತು.
ಖರ್ಚಿನ ಸಾಲಿನಲ್ಲಿ ನಿದ್ದೆ ಅಂತ ಬರೆದೆ,
ಯಾರದು ಅಂತ ಬರೆಯಲಿಲ್ಲ.