ಹೆಗಲ ಮೇಲಿನ ಹಿಟ್ಟು

ಬೇರು ಬೆರಿಲಜ್ಜಿಯದು. ಬೇಲಿಯೂ.
ಬಳ್ಳಿ ಮಾತ್ರ ಫೆಬ್ರವರಿಯ ಬಿಸಿಲಲ್ಲಿ
ಹಲಗೆಸಂದಿಯಿಂದ ತಲೆ ತೂರಿಸಿ
ನಮ್ಮ ಕಡೆ ಇಳಿದು
ಬಟ್ಟೆ ಒಣಗಿಸುವ ಕಂಬದ ಬುಡದಲ್ಲಿ
ಕಾಯೊಂದನ್ನು ಹೆತ್ತು ಮಲಗಿಸಿತು.

ಬೂದಿ ಬಣ್ಣದ ಮೈ, ಆಳದ ಗೆರೆ,
ಹಂಡೆಯ ಹಾಗೆ ಕೂತಿತ್ತು ಎರಡು ತಿಂಗಳು.
ನಾನದಕ್ಕೆ ನೀರು ಹಾಕಲಿಲ್ಲ.
ಸುಳ್ಳು. ಎರಡು ಸಲ ಹಾಕಿದೆ.

ಈಗ ಏಪ್ರಿಲ್ ಕೊನೆ.
ಪಂಚಾಂಗದ ಪ್ರಕಾರ ವಸಂತ,
ಬ್ಯಾಲರಾಟ್‌ನ ಕಿಟಕಿಯ ಪ್ರಕಾರ ಅಲ್ಲ.
ಸ್ಟರ್ಟ್ ಬೀದಿಯಲ್ಲಿ ಬೂಟಿನಡಿ
ಎಲೆಗಳು ಹಪ್ಪಳದಂತೆ ಮುರಿಯುತ್ತವೆ.
ಇಬ್ಬನಿ ಗಟ್ಟಿಯಾದರೆ ಬಳ್ಳಿ ಕಪ್ಪಾಗುತ್ತದೆ,
ಕಾಯಿ ಕೊಳೆಯುತ್ತದೆ, ಯಾರಿಗೂ ಇಲ್ಲದಾಗುತ್ತದೆ
ಎಂದು ನನಗೆ ನಾನೇ ವಕೀಲೆಯಾಗಿ
ಶುಕ್ರವಾರ ಕತ್ತಲಾದ ಮೇಲೆ ಕುಯ್ದೆ.
ಕತ್ತಲಾದ ಮೇಲೆ ಯಾಕಮ್ಮಾ, ಎಂದಳು ಇಂಚರ.
ಚಳಿ, ಎಂದೆ.

ಹಿಟ್ಟು ಶನಿವಾರ ಬೆಳಿಗ್ಗೆ ಕಲಸಿದ್ದು.
ಈ ಮನೆಯಲ್ಲಿ ದೋಸೆಹಿಟ್ಟಿಗೇ ಹುಳಿ ಬರಲು ಮೂರು ದಿನ,
ಈಸ್ಟ್ ಪಾಪ ಏನು ಮಾಡೀತು!
ಮಹಾಬಲನ ಹಳೇ ಸ್ವೆಟರು ಸುತ್ತಿ
ಹೀಟರಿನ ಮುಂದಿಟ್ಟೆವು ಪಾತ್ರೆಯನ್ನು,
ಜ್ವರದ ಮಗುವಿನಂತೆ ಗಳಿಗೆಗೊಮ್ಮೆ ಮುಟ್ಟಿ ನೋಡಿದೆವು.
ನಾಲ್ಕು ಗಂಟೆಗೆ ಉಸಿರು ಬಂತು.
ಬೆರಳೊತ್ತಿದರೆ ಗುಳಿ;
ಗುಳಿ ಮೆಲ್ಲಗೆ ತುಂಬಿಕೊಂಡು
ಏನೂ ಆಗಿಲ್ಲವೆಂಬ ಮುಖ ಮಾಡಿತು.

ಕುಂಬಳ ಒಡೆಯುವುದು ಹುಡುಗಾಟವಲ್ಲ.
ಚಾಕು ಅರ್ಧಕ್ಕೆ ಸಿಕ್ಕಿಕೊಂಡಿತು.
ಮಹಾಬಲ ಗ್ಯಾರೇಜಿನಿಂದ ರಬ್ಬರ್ ಸುತ್ತಿಗೆ ತಂದು
ಚಾಕುವಿನ ಬೆನ್ನಿಗೆ ಕೊಟ್ಟ, ಎರಡು.
ಬೂದಿ ಮುಚ್ಚಿದ ಕೆಂಡ ಅಂತಾರಲ್ಲ,
ಅದನ್ನು ಕಣ್ಣಾರೆ ಕಂಡದ್ದು
ಈ ಪ್ಲಾಸ್ಟಿಕ್ ಮಣೆಯ ಮೇಲೆ.

ಅದರ ಜೊತೆಗೆ ಬೀಟ್ರೂಟು, ಕೆಂಪು ಈರುಳ್ಳಿ,
ಗಜ್ಜರಿಯ ರಕ್ತ ಬತ್ತಿದ ಅಣ್ಣನಂಥ ಪಾರ್ಸ್ನಿಪ್,
ಸಿಪ್ಪೆ ಸಮೇತ ಬೆಳ್ಳುಳ್ಳಿ,
ಎಣ್ಣೆ, ಉಪ್ಪು, ಚಿಟಿಕೆ ಓಮ. ಓಮ ನನ್ನ ಸೇರ್ಪಡೆ.
ಓವನಿನ ಬಾಗಿಲು ಸಡಿಲ, ಕುರ್ಚಿ ಒತ್ತಿ ನಿಲ್ಲಿಸಬೇಕು.
ಆ ಕುರ್ಚಿಯಲ್ಲಿ ಕೂತು ಇಂಚರ ವರದಿ ಕೊಟ್ಟಳು:
ಈರುಳ್ಳಿ ಮುದುಡಿತು. ಬೀಟ್ರೂಟಿಗೆ ಬೆವರು.
ಕುಂಬಳದ ಅಂಚು ಸುಟ್ಟಿತು, ಅಮ್ಮಾ!
ಸುಡಲಿ ಬಿಡು. ಅಲ್ಲೇ ಸಿಹಿ ಇರುವುದು.

ಹೋಳಿಗೆ ತಟ್ಟಿದ ಕೈ ನನ್ನದು,
ಹೂರಣವನ್ನು ಕಣಕದೊಳಗೆ ಬಚ್ಚಿಟ್ಟು ಅಭ್ಯಾಸ.
ಇದಕ್ಕೋ, ಒಳಗೆಂಬುದೇ ಇಲ್ಲ.
ಇದ್ದದ್ದನ್ನೆಲ್ಲ ಮೇಲೆ ಹರವಿ
ಊರಿಗೆ ತೋರಿಸಬೇಕು.
ಎಷ್ಟು ತಟ್ಟಿದರೂ ದುಂಡಗಾಗಲಿಲ್ಲ.
ಟಾಸ್ಮೇನಿಯಾ, ಎಂದಳು ಇಂಚರ.
ಟಾಸ್ಮೇನಿಯಾದ ಮೇಲೆ ಚೀಸಿನ ಮಳೆ ಬಿತ್ತು.

ಮೊದಲನೆಯದು ಓವನಿನಿಂದ ಇಳಿದು, ಎರಡನೆಯದನ್ನು ತಟ್ಟುತ್ತಿದ್ದಾಗ
ಬಾಗಿಲು ಸದ್ದಾಯಿತು.
ನೀಲಿ ಕೋಟು, ಕೈಯಲ್ಲಿ ರೋಸ್‌ಮೇರಿಯ ಎರಡು ಕಡ್ಡಿ.
ಗಿಡ ಕತ್ತರಿಸಿದೆ, ನಿನಗೂ ಇರಲಿ ಅಂತ, ಎಂದಿತು ಅಜ್ಜಿ.
ಆಮೇಲೆ, ಏನೂ ಅಲ್ಲವೆಂಬಂತೆ:
ನನ್ನ ಕುಂಬಳವೊಂದು ಕಾಣುತ್ತಿಲ್ಲ.
ಪಾಸಮ್ ಇರಬೇಕು. ಇಲ್ಲಾ ಕಳ್ಳ.

ನನ್ನ ಕೈ, ನನ್ನನ್ನು ಕೇಳದೆ,
ಹೆಗಲಿಗೆ ಹೋಯಿತು.

ಅಜ್ಜಿಗೆ ನಮ್ಮ ಗಾದೆ ಗೊತ್ತಿಲ್ಲ.
ಆದರೂ ಹೆಗಲು ನೋಡಿತು.
ಅಲ್ಲಿ ನಿಜಕ್ಕೂ ಬೆಳ್ಳಗೆ ಹಿಟ್ಟಿತ್ತು,
ಮುಟ್ಟಿದ್ದರಿಂದ ಇನ್ನಷ್ಟಾಗಿತ್ತು.
ಮೂಗರಳಿಸಿ ಒಳಗಿನ ಗಾಳಿ ಎಳೆದುಕೊಂಡು ಕೇಳಿತು:
ಕುಯ್ಯುವಾಗ ತೊಟ್ಟು ಒಣಗಿತ್ತು ತಾನೆ?

ಒಣಗಿತ್ತು, ಎಂದೆ.

ಹಾಗಾದರೆ ಸರಿ, ಎಂದು ಕುರ್ಚಿ ಎಳೆದುಕೊಂಡಿತು.
ಆ ಕುರ್ಚಿಯನ್ನೇ. ಓವನಿನ ಬಾಗಿಲು ಬಾಯಿಬಿಟ್ಟಿತು,
ಎಲ್ಲರೂ ಕೂಗಿದೆವು, ಮಹಾಬಲ ಕಾಲು ಕೊಟ್ಟು ಒತ್ತಿದ.
ಅಜ್ಜಿ ಮೂರು ತುಂಡು ತಿಂದಿತು,
ಬೀಟ್ರೂಟನ್ನು ಆರಿಸಿ ತಟ್ಟೆಯಂಚಿಗಿಟ್ಟಿತು,
ಓಮ ಸಿಕ್ಕಾಗ ಹುಬ್ಬೇರಿಸಿ ನಿಲ್ಲಿಸಿ
ಮತ್ತೆ ಅಗಿಯಿತು.
ಪೇಪರಿನ ಮೇಲೆ ಇಂಚರ ಒಣಹಾಕಿದ್ದ ಬೀಜಗಳಲ್ಲಿ
ದಪ್ಪನೆಯವನ್ನು ಹೆಕ್ಕಿ ಜೇಬಿಗಿಳಿಸಿತು,
ಉಳಿದದ್ದನ್ನು ಅವಳ ಕಡೆ ಸರಿಸಿತು.

ಹೊರಗೆ ಮೆಟ್ಟಿಲು ಒದ್ದೆ. ಹಿಡಿದು ಇಳಿಸಿದೆ.
ಗೇಟಿನ ದೀಪದಡಿ ಅಜ್ಜಿ ತಿರುಗಿದಾಗ ಕಂಡಿತು,
ನೀಲಿ ಕೋಟಿನ ಹೆಗಲ ಮೇಲೆ
ನನ್ನ ಐದೂ ಬೆರಳು, ಬಿಳಿ.

ಹೇಳಲಿಲ್ಲ.