ಏಳನೆಯ ಸಂಪುಟ

ಭಾನುವಾರ, ಅವೆನ್ಯೂ ರಸ್ತೆಯ ಬ್ಯಾಂಕಿಗೆ ಬೀಗ ಬಿದ್ದರೆ
ಅದರ ಮೆಟ್ಟಿಲು ನನ್ನದು.
ಟಾರ್ಪಾಲು ಹಾಸಿ ಹರಡುತ್ತೇನೆ: ಸಿಇಟಿ ಗೈಡು, ಹಸ್ತಸಾಮುದ್ರಿಕ,
ಯಾರೋ ಅರ್ಧ ಬಿಡಿಸಿ ಕೈಬಿಟ್ಟ ಲೆಕ್ಕದ ಪುಸ್ತಕ,
ಮತ್ತೆ ಈ ಸಲ
ಕಾಕ್ಸ್ ಟೌನಿನ ಬಂಗಲೆ ಕೆಡವುವಾಗ ತೂಕಕ್ಕೆ ಬಂದದ್ದು:
ಅಮೆರಿಕದ ಪಡುವಣ ಗಡಿ, ಅಲ್ಲಿನ ರಾವುತರು, ಕೋಟೆ, ಕಾಳಗ,
ಒಂದೊಂದೂ ಇಟ್ಟಿಗೆಯಷ್ಟು ಭಾರ.
ಹನ್ನೆರಡರಲ್ಲಿ ಐದನೆಯದನ್ನು ಗೆದ್ದಲು ಗೆದ್ದಿತ್ತು.

ಕೊಳ್ಳುವವರಿಲ್ಲ.
ಜನರಲ್ಲುಗಳ ಮೀಸೆ ನೋಡಿ, ನಕ್ಕು, ಮುಂದೆ ಹೋಗುತ್ತಾರೆ.

ನಿಂತವರು ಬುಡೇನ್ ಸಾಬರು, ನಾಲಬಂದರು.
ರೇಸ್ ಕೋರ್ಸಿನ ಲಾಯದಲ್ಲಿ ಮೂವತ್ತೆಂಟು ವರ್ಷ
ಕುದುರೆಯ ಕಾಲನ್ನು ತೊಡೆಯ ಮೇಲಿಟ್ಟುಕೊಂಡು ಬದುಕಿದವರು.
ನಡೆಯುವಾಗಲೂ ನಡು ಬಾಗಿಯೇ ಇರುತ್ತದೆ,
ಕಾಣದ ಗೊರಸೊಂದನ್ನು ಹಿಡಿದ ಹಾಗೆ.
ಇಂಗ್ಲಿಷು ಬಾರದು.
ಚಿತ್ರದ ಸವಾರನನ್ನು ಹೆಬ್ಬೆರಳಿನಿಂದ ಮುಚ್ಚಿ
ಕೆಳಗೆ ನೋಡಿದರು, ತುಂಬ ಹೊತ್ತು.
"ಇದನ್ನ ಬರೆದವನು ಕುದುರೆ ನೋಡಿಲ್ಲ ಕಣಮ್ಮ.
ನಾಲ್ಕೂ ಕಾಲು ಹೀಗೆ ಚಾಚಿದರೆ
ಅದು ಓಡೋದಲ್ಲ, ಬೀಳೋದು."

ಅಲ್ಲಿಂದ ಶುರು. ವಾರ ವಾರ ಹತ್ತು ಗಂಟೆಗೆ
ಗಿರಾಕಿಗಳ ನಡುವೆ ಓದಿ ಹೇಳಬೇಕು, ಕುದುರೆ ಇರುವ ಪುಟ ಮಾತ್ರ.
ಕದನ ಬೇಡ, ಕರ್ನಲ್ಲನು ಹೆಂಡತಿಗೆ ಬರೆದ ಪತ್ರ ಬೇಡ.
ಮೇವೇನು ಹಾಕುತ್ತಿದ್ದರು? ಹಿಮದಲ್ಲಿ ಯಾವ ಮೊಳೆ?
ಬರೆದವರಿಗೇ ಹೊಳೆಯದ್ದನ್ನು ಕೇಳುತ್ತಾರೆ.
ಅಡಿಟಿಪ್ಪಣಿಯಲ್ಲಿ ಸಿಕ್ಕರೆ ಸಿಕ್ಕಿತು.
ಪೌಂಡನ್ನು ಸೇರಿಗಿಳಿಸಿ, ಓಟ್ಸನ್ನು ಹುರುಳಿ ಮಾಡಿ ಹೇಳುತ್ತೇನೆ.
ಸುಳ್ಳೆಂದು ಅವರಿಗೆ ಗೊತ್ತು. ತಲೆದೂಗುತ್ತಾರೆ.

ಫ್ರಾಂಟಿಯರ್ ಅನ್ನುವುದಕ್ಕೆ ತಡಕಾಡಿ, ಸರಹದ್ದು ಅಂದೆ.
"ಪೇಟೆಗೂ ದಂಡಿಗೂ ನಡುವೆ ಇತ್ತಲ್ಲ, ಹಾಗಾ?"
ಅವರ ಮುತ್ತಾತ ದಂಡಿನ ಕುದುರೆಗೆ ನಾಲ ಹೊಡೆಯಲು
ಕೋಳಿ ಕೂಗುವ ಮೊದಲೇ ಪೇಟೆ ಬಿಡುತ್ತಿದ್ದನಂತೆ.
ಆ ಕಡೆ ಬೇರೆ ಕಾನೂನು, ಬೇರೆ ದೀಪ.
ನಡುವೆ ಬರೀ ಬಯಲು.
ಈಗಲ್ಲಿ ಕಬ್ಬನ್ ಪಾರ್ಕು; ನಾಯಿ ಹಿಡಿದು ಬಂದವರು
ಗಡಿ ದಾಟುತ್ತಾರೆ, ಫೋನಿನಲ್ಲಿ ಮಾತಾಡುತ್ತ.

ಏಳನೆಯ ಸಂಪುಟ. ಆಷಾಢದ ಮೊದಲ ಭಾನುವಾರ,
ಗಾಳಿಯೋ ಗಾಳಿ.
ಪುಟ ನಿಲ್ಲಲೆಂದು ಜೇಬಿನಿಂದ ನಾಲವೊಂದನ್ನು ತೆಗೆದಿಟ್ಟರು,
ಸವೆದು ಸವೆದು ಎಲೆಯಾದದ್ದು.
ಅದರ ಕಮಾನಿನೊಳಗೆ ಕಂಡಷ್ಟನ್ನು ಓದಿದೆ:
ಬೇಹಿನವರು ಮಣ್ಣು ನೋಡುತ್ತಿದ್ದರು.
ನಾಲದ ಗುರುತಿದ್ದರೆ ದಂಡಿನ ಕುದುರೆ,
ಬರಿಗೊರಸಾದರೆ ಆ ನೆಲದವರದು.
ಬರಿಗೊರಸಿನ ಬೆನ್ನು ಹತ್ತುತ್ತಿದ್ದರು.

ಸಾಬರು ತಮ್ಮ ಕೈ ನೋಡಿಕೊಂಡರು.

ಮುಂದಿನ ಪುಟವನ್ನು ನಾನು ಮೊದಲು ನೋಡಿದೆ.
ಒಂದು ಬೆಳಗ್ಗೆ. ಸೆರೆಹಿಡಿದ ಕುದುರೆಗಳನ್ನು ಒಟ್ಟಿಗೆ ನಿಲ್ಲಿಸಿ.
ಲೆಕ್ಕ ಕೊಟ್ಟಿದ್ದರು. ಯಾವ ಸೇರಿಗೂ ಅದು ಇಳಿಯಲಿಲ್ಲ.
ಗೈಡು ಕೊಂಡ ಹುಡುಗನಿಗೆ ಚಿಲ್ಲರೆ ಎಣಿಸಿಕೊಟ್ಟೆ, ಮತ್ತೊಮ್ಮೆ ಎಣಿಸಿಕೊಟ್ಟೆ.
"ಓದಮ್ಮ."
ಓದಿದೆ.
"ಹೊಡೆದವರ ಕುದುರೆಗಳನ್ನ ಎಲ್ಲಿ ಕಟ್ಟಿದ್ದರು?
ಅವಕ್ಕೂ ಕೇಳಿಸಿರ್ತದಲ್ಲ."
ಪುಸ್ತಕದಲ್ಲಿ ಇರಲಿಲ್ಲ.

ಆಮೇಲಿನ ವಾರ ರಿಚ್ಮಂಡ್ ಟೌನಿನಿಂದ ಒಬ್ಬರು ಬಂದರು,
ಹಳೆಯ ಯುದ್ಧಗಳನ್ನು ಕಪಾಟಿನಲ್ಲಿ ಕೂಡಿಡುವವರು.
ತಾರೀಖು, ತುಕಡಿ, ತುಪಾಕಿಯ ಹೆಸರು, ಎಲ್ಲ ಬಾಯಿಪಾಠ.
ಚೌಕಾಸಿ ಮಾಡಲಿಲ್ಲ.
"ಐದು ಎಲ್ಲಿ?"
ಗೆದ್ದಲು, ಅಂದೆ.
"ಏಳು?"
ಅದೂ ಗೆದ್ದಲೇ, ಸಾರ್.

ಟಾರ್ಪಾಲಿನ ಮಡಿಕೆಯಲ್ಲಿ ಅದು ಇದೆ, ನಾಲದ ಸಮೇತ.
ಸಾಬರು ಮೊನ್ನೆ ಬಂದಾಗ ಎರಡನ್ನೂ ಕೇಳಲಿಲ್ಲ.
ಚಪ್ಪಲಿ ಬಿಟ್ಟು ಮೆಟ್ಟಿಲ ಮೇಲೆ ಕೂತು
ಟಾರು ರಸ್ತೆಗೆ ಪಾದ ಒತ್ತಿದರು, ಎತ್ತಿದರು,
ಗುರುತು ಬಿತ್ತೇ ಎಂದು ಬಗ್ಗಿ ನೋಡಿದರು.
ಟೀ ಬಂತು.
ಸಕ್ಕರೆ ಜಾಸ್ತಿಯಾಯಿತು ಅಂದರು.