ಭಾಗ ಎರಡು

ಕೌಲ್ ಬಜಾರ್, ಮಾರ್ಗಶಿರದ ನಸುಕು, ಆರು ಗಂಟೆ.
ಮೋರಿಯಲ್ಲಿ ನಿನ್ನೆ ತೊಳೆದ ಜೀನ್ಸಿನ ನೀಲಿ ನೀರು ನಿಂತಿದೆ.
ಕೆಳಗೆ ಹೊಲಿಗೆ ಯಂತ್ರಗಳು ಮುಸುಕು ಹೊದ್ದು ಮಲಗಿವೆ.
ಮೇಲೆ, ಕಬ್ಬಿಣದ ಏಣಿ ಹತ್ತಿ ಹೋಗುವ ಹೊನ್ನೂರಸಾಬನ ಗೇಮಿಂಗ್ ಪಾರ್ಲರಿನಲ್ಲಿ
ಏಳು ಜನ, ಮೂರು ಕುರ್ಚಿ,
ಪೇಪರಿನ ಮೇಲೆ ಒಗ್ಗರಣೆ ಮಂಡಕ್ಕಿ, ಆರಿದ ಮೆಣಸಿನಕಾಯಿ ಬಜ್ಜಿ.
ಪರದೇಶದ ವೇದಿಕೆಯಲ್ಲಿ ಯಾರೋ ಲಕೋಟೆ ಹರಿಯುತ್ತಿದ್ದಾರೆ.

ಎರ್ರಿಸ್ವಾಮಿ ಎರಡು ಬೆರಳೆತ್ತಿ ಕಾದ: ಭಾಗ ಎರಡು, ಭಾಗ ಎರಡು.
ಬೇರೆ ಹೆಸರು ಬಂತು.
ಯಾರೋ ಹೊಸಬರದು, ಮೊದಲನೆಯದು.
ಬೆರಳು ಮಡಚಲು ಅವನಿಗೆ ತುಸು ಹೊತ್ತು ಹಿಡಿಯಿತು.
"ಹೋಗ್ಲಿ ಬಿಡಲೇ" ಅಂದ ಪೆನ್ನಪ್ಪ.
ಯಾರೂ ಬಿಡಲಿಲ್ಲ.

ನಮ್ಮ ಆಟದ ಮೊದಲ ಭಾಗದಲ್ಲಿ
ಊರ ತುಂಬ ಬಾಗಿಲುಗಳಿದ್ದವು, ಒಂದೂ ತೆರೆಯುತ್ತಿರಲಿಲ್ಲ,
ಗೋಡೆಗೆ ಬಳಿದ ಬರೀ ಬಣ್ಣ.
ಆದರೂ ಆ ವರ್ಷ ಎಲ್ಲವನ್ನೂ ಅದೇ ಬಾಚಿಕೊಂಡಿತು.
ಎರಡನೆಯದರಲ್ಲಿ ಪ್ರತಿ ಬಾಗಿಲೂ ತೆರೆಯುತ್ತದೆ.
ಒಂದರ ಹಿಂದೆ ಮುದುಕಿಯೊಬ್ಬಳು ಮೊರ ಹಿಡಿದು ಬೇಳೆ ಆರಿಸುತ್ತಾಳೆ.
ಕತೆಗೆ ಅವಳಿಂದ ಏನೂ ಆಗಬೇಕಿಲ್ಲ.
ತಲೆಯೆತ್ತಿ ನೋಡುತ್ತಾಳೆ. ಮತ್ತೆ ಬೇಳೆ.
ಕತ್ತಿಯನ್ನು ಒರೆಯಲ್ಲಿಟ್ಟು ಅರ್ಧ ಗಂಟೆ ಅಲ್ಲಿ ನಿಂತಿದ್ದೆ.
ಗಂಟೆಗೆ ನಲವತ್ತು ರೂಪಾಯಿ. ಇಪ್ಪತ್ತು ಕೊಟ್ಟು ಮುದುಕಿಯನ್ನು ನೋಡಿದವ
ಈ ಓಣಿಯಲ್ಲಿ ನಾನೊಬ್ಬನೇ ಇರಬೇಕು.

ನಾನು ಕಟಿಂಗ್ ಮಾಸ್ತರ. ನನಗಿದು ಗೊತ್ತು.
ಮೊದಲ ಸ್ಯಾಂಪಲ್ಲು ಮೇಜಿನ ಮೇಲೆ ಬಿದ್ದಾಗ
ಸೇಠ ಎದ್ದು ನಿಂತು ಬೆಳಕಿಗೆ ಹಿಡಿದು ನೋಡಿದ್ದ.
ತೊಡೆ ಬಿಗಿ, ಜೇಬಿಗೆ ಕೈ ಹೋಗುತ್ತಿರಲಿಲ್ಲ,
ಅದು ಆಮೇಲೆ ತಿಳಿಯಿತು.
ಮುಂದಿನ ಲಾಟಿನಲ್ಲಿ ಎಲ್ಲ ತಿದ್ದಿದೆ:
ಜೇಬು ಒಂದಂಗುಲ ಇಳಿಸಿ,
ಕೂತರೆ ಬೆನ್ನು ಕಾಣದ ಹಾಗೆ ಹಿಂಬದಿ ಏರಿಸಿ,
ಹರಿಯುವ ಜಾಗಕ್ಕೆ ಮೂರು ಹೊಲಿಗೆ.
ಸೇಠ ಕೂತಲ್ಲೇ ಅಂದ: "ಹಾಂ, ಅದೇ ಅಲ್ಲ?"

ಅದೇ.
ಬೆರಗು ಒಮ್ಮೆಗೇ ಖರ್ಚಾಗುವ ನೋಟು.
ಅದೇ ಬಾಗಿಲಿಗೆ ಮತ್ತೆ ಬಂದವನಿಗೆ ಚಿಲ್ಲರೆ ಹುಡುಕುತ್ತಾರೆ.

ಹೊನ್ನೂರಸಾಬ ಲೆಕ್ಕದ ಮನುಷ್ಯ.
ಬಿಲ್ ಪುಸ್ತಕದ ಹಾಳೆ ಹರಿದು ಹಂಚಿದ:
"ಈ ವರ್ಷದ್ದು ಮೂರು ಬರೀರಿ, ಒಂದರ ಕೆಳಗೊಂದು."
ಬಿಡಿಸಿದರೆ ಏಳು ಚೀಟಿಯಲ್ಲೂ ನಮ್ಮ ಆಟವಿದೆ.
ಏಳರಲ್ಲೂ ಎರಡನೆಯ ಸಾಲಿನಲ್ಲಿ.
ಮೇಲಿನ ಸಾಲಿನಲ್ಲಿ ಒಬ್ಬೊಬ್ಬನದು ಒಂದೊಂದು ಹೊಸ ಮೋಹ.
ನನ್ನದರಲ್ಲೂ. ಆ ಕೈಬರಹ ನನ್ನದೇ,
ಇಲ್ಲ ಅನ್ನುವಂತಿರಲಿಲ್ಲ.
"ಎಲ್ರಿಗೂ ಬೇಕು. ಯಾರಿಗೂ ಮೊದ್ಲು ಬೇಕಿಲ್ಲ" ಅಂದು
ಅವನು ಚೀಟಿ ಮುದುರಿ ಕೈಯ ಬಜ್ಜಿ ಎಣ್ಣೆ ಒರೆಸಿಕೊಂಡ.

ಅಷ್ಟರಲ್ಲಿ ಏಣಿ ಸದ್ದು. ದಾರ ಕತ್ತರಿಸುವ ಜಡೆಮ್ಮ,
ಕೆಳಗಿನ ಬೀಗದ ಕೈ ಕೇಳಲು ಬಂದವಳು,
ನಮ್ಮ ಮುಖ ನೋಡಿ "ಯಾರು ಸತ್ರು?" ಅಂದಳು.
ಹೇಳಿದೆವು. ಏಳು ಬಾಯಿ ಒಟ್ಟಿಗೆ.
"ಮೊದಲನೇದೇ ನಾ ನೋಡಿಲ್ಲ,
ಎರಡನೇದು ಚಲೋ ಐತೆ ಅಂತ ಹೆಂಗ ಹೇಳ್ಲಿ?"

ಆ ಲಕೋಟೆಯ ಹಿಂದೆ ಕೂತವರಲ್ಲೂ
ಎಷ್ಟು ಜನ ಜಡೆಮ್ಮಗಳಿದ್ದರೋ.
ಆದರೆ ಅವರು ಇವಳ ಹಾಗೆ ಚಪ್ಪಲಿ ಬಿಟ್ಟು ಒಳಗೆ ಬಂದು
"ಕೊಡಿಲ್ಲಿ" ಅಂದು ಕಂಟ್ರೋಲರ್ ಕಸಿದುಕೊಂಡಿರಲಿಕ್ಕಿಲ್ಲ.

ನಡೆಯಲು ಬಾರದು. ಗೋಡೆಗೆ ಗುದ್ದಿದಳು, ಬಾವಿಗೆ ಬಿದ್ದಳು, ಎದ್ದಳು.
ಕೈಗೆ ಸಿಕ್ಕ ಬಾಗಿಲು ನೂಕಿದಳು. ತೆರೆಯಿತು.
ಅವಳಿಗೆ ಅದು ಆಶ್ಚರ್ಯವಲ್ಲ. ಬಾಗಿಲೆಂದರೆ ತೆರೆಯಬೇಕಲ್ಲ.
ಮುದುಕಿ ತಲೆಯೆತ್ತಿದಳು.
ಜಡೆಮ್ಮ ಪರದೆಗೆ ಮೂಗು ತಾಗುವಷ್ಟು ಬಗ್ಗಿ,
"ಏ ಅವ್ವಾ, ಬ್ಯಾಳ್ಯಾಗ ಕಲ್ಲೈತೆ ನೋಡು" ಅಂದಳು.

ಇತ್ತು.
ಬೇಳೆಗಿಂತ ತುಸು ಕಂದು, ಮೊರದ ಅಂಚಿಗೆ, ಒಂದೇ ಒಂದು.
ಮುದುಕಿ ಅದನ್ನು ಹೆಕ್ಕಿ ಕಿಟಕಿಯಾಚೆ ಎಸೆದಳು.
ಇಪ್ಪತ್ತು ರೂಪಾಯಿ ಕೊಟ್ಟು ನಾನು ನೋಡಿರಲಿಲ್ಲ.

ಬೀಗದ ಕೈ ನನ್ನ ಜೇಬಿನಲ್ಲೇ ಇತ್ತು.
ಕೊಡಬೇಕೆಂದು ತೋಚಲಿಲ್ಲ.